ಹಳೇ ಎಳೆಗೆ ಕೆಚ್ಚಿದ ಹೊಸ ಡಿಸ್ಕು

ನಮ್ಮ ಮನೆಯಲ್ಲಿ ಕಂಪ್ಯೂಟರು ಇರುವುದು ಮಗ್ಗದ ಕೋಣೆಯಲ್ಲಿ. ಗಜೇಂದ್ರಗಡಕ್ಕೆ ಬಂದ ನೆಂಟರು ಇದನ್ನು ನೋಡಿ ನಗುತ್ತಾರೆ. ನೂಲಿನ ಧೂಳು ಹಾರಾಡುವ ಕಡೆ ಯಾರಾದರೂ ಕಂಪ್ಯೂಟರು ಇಡುತ್ತಾರೆಯೇ ಎಂದು ಕೇಳುತ್ತಾರೆ. ಅದು ಮನೆಗೆ ಬಂದ ದಿನ ನಾನೂ ಹಾಗೇ ಕೇಳಿದ್ದೆ. ಎಲ್ಲರ ಮನೆಯಲ್ಲಿರುವಂತೆ ಪಡಸಾಲೆಯಲ್ಲಿ ಟೀವಿಯ ಪಕ್ಕ ಇಡೋಣ ಎಂದಿದ್ದೆ. ನಮ್ಮ ಅತ್ತೆ ಒಪ್ಪಲಿಲ್ಲ.

"ದುಡಿಯೂ ಸಾಮಾನು ದುಡಿಯೂ ಕಡೆ ಇರಬೇಕು. ಪಡಸಾಲ್ಯಾಗ ಇಟ್ರ ಅದೂ ನಿನ್ನ ಗಂಡನಗತೆ ಟೀವಿ ನೋಡ್ಕೊಂತ ಕುಂದರತೈತಿ," ಎಂದರು.

ನಮ್ಮ ಮನೆಯವರು ದಿನವೆಲ್ಲ ಮಗ್ಗದಲ್ಲಿ ಕೂತು ಬಂದು ಆಗಷ್ಟೇ ಟೀವಿಯ ಮುಂದೆ ಕಾಲು ಚಾಚಿದ್ದರು. ತಾಯಿಯ ಮಾತು ಕೇಳಿಸದವರಂತೆ ಟೀವಿಯ ದನಿ ಏರಿಸಿದರು.

ಅತ್ತೆ ಪುರ್ತಗೇರಿಯ ಮಗಳು. ಹೊಲಗಳ ಊರಿನಲ್ಲಿ ಮಗ್ಗವಿದ್ದ ಒಂದೆರಡು ಮನೆಗಳಲ್ಲಿ ಅವರದೂ ಒಂದು. ನಾನು ನರಗುಂದದವಳು. ನಮ್ಮಪ್ಪನದು ಸೀರೆ ಅಂಗಡಿ. ಸೀರೆಯ ಮಡಿಕೆ ಬಿಚ್ಚಿ ಸೆರಗು ತೋರಿಸುವುದು, ಗಿರಾಕಿ ಮೂಗು ಮುರಿದರೆ ಮತ್ತೆ ಮಡಚಿಡುವುದು, ಸೀರೆಯ ಬಗ್ಗೆ ನನ್ನ ವಿದ್ಯೆ ಇಷ್ಟೇ. ಮದುವೆಯಾಗಿ ಬಂದ ಹೊಸದರಲ್ಲಿ ಅತ್ತೆ ಇದನ್ನು ಓಣಿಗೆಲ್ಲ ಹೇಳಿದ್ದರು: "ನಮ್ಮ ಸೊಸಿಗೆ ಸೀರಿ ಮಡಚಾಕ ಭಾಳ ಚಲೋ ಬರತೈತಿ." ಹೊಗಳಿಕೆಯೋ ಚುಚ್ಚುಮಾತೋ ಎಂದು ನನಗೆ ತಿಳಿಯಲು ಒಂದು ವರ್ಷ ಹಿಡಿಯಿತು. ಎರಡೂ ಹೌದು.

ನಾನು ದಿನಾ ರೋಣದ ಬಸ್ಸು ಹಿಡಿದು ಅಲ್ಲಿಯ ಒಂದು ಕಾಲೇಜಿನ ಆಫೀಸಿಗೆ ಹೋಗುತ್ತೇನೆ. ಕೆಲಸವೆಲ್ಲ ಕಂಪ್ಯೂಟರಿನ ಮುಂದೆ. ನನಗೆ ಸಿಟ್ಟು ಬೇಗ ಬರುತ್ತದೆ, ಅದರಲ್ಲೂ ಯಂತ್ರಗಳ ಮೇಲೆ. ನಾನು ಪ್ರಿಂಟರಿಗೆ ಬೈಯುವುದನ್ನು ಕೇಳಿ ಪಕ್ಕದ ಮೇಜಿನವರು ತಮಗೇ ಬೈದೆನೆಂದುಕೊಂಡು ಒಂದು ವಾರ ಮಾತು ಬಿಟ್ಟಿದ್ದುಂಟು.

ಅತ್ತೆ ಬದುಕೆಲ್ಲ ಕೂತದ್ದು ಕುಣಿಮಗ್ಗದಲ್ಲಿ. ನೆಲದಲ್ಲಿ ತೋಡಿದ ಕುಣಿಯೊಳಗೆ ಕಾಲು ಇಳಿಬಿಟ್ಟು, ಕಾಲಿನಿಂದ ಹಲಗೆ ತುಳಿಯುತ್ತ, ಕೈಯಿಂದ ಲಾಳಿ ಹೊಡೆಯುತ್ತ ನೆಯ್ಯುವ ಮಗ್ಗ ಅದು. ಅವರು ನೆಯ್ಯುವಾಗ ಬಾಯಿ ಸುಮ್ಮನಿರುತ್ತಿರಲಿಲ್ಲ. ಲಾಳಿ ಆ ಕಡೆ ಹೋದಾಗ ಒಂದು ಮಾತು, ಈ ಕಡೆ ಬಂದಾಗ ಇನ್ನೊಂದು. ಅಡುಗೆಮನೆಯಲ್ಲಿದ್ದ ನನಗೆ ಅಲ್ಲಿಂದಲೇ ಒಗ್ಗರಣೆಯ ವಾಸನೆ ಹಿಡಿದು, "ಸಾಸವಿ ಸೀದ್ವು, ಇಳಿಸು," ಎನ್ನುತ್ತಿದ್ದರು. ಆಮೇಲೆ ಮಂಡಿ ಕೈಕೊಟ್ಟಿತು. ಕುಣಿಗೆ ಇಳಿದರೆ ಹತ್ತಲು ಆಗದು, ಹತ್ತಿದರೆ ಇಳಿಯಲು ಆಗದು. ದವಾಖಾನೆಯವರು ಇನ್ನು ಮಗ್ಗ ಬೇಡ ಎಂದುಬಿಟ್ಟರು.

ಆಗ ಅತ್ತೆ ಹೊರಗಿನ ಕಟ್ಟೆಯ ಮೇಲೆ ಕೂತು ಹತ್ತಿಯಿಂದ ದೀಪದ ಬತ್ತಿ ಹೊಸೆಯತೊಡಗಿದರು. ಬೆಳಿಗ್ಗೆ ಬತ್ತಿ, ಮಧ್ಯಾಹ್ನ ಬತ್ತಿ, ಸಂಜೆ ಬತ್ತಿ. ದೇವರ ಜಗಲಿ ತುಂಬಿತು, ಡಬ್ಬಿಗಳು ತುಂಬಿದವು. ನಾನು ಅರ್ಧ ಓಣಿಗೆ ಬತ್ತಿ ಹಂಚಿದೆ. ಕಾಲೇಜಿಗೂ ಒಯ್ದೆ. ಬತ್ತಿ ಹೆಚ್ಚಾದಂತೆ ಮಾತು ಕಡಿಮೆಯಾಯಿತು. ಒಂದು ದಿನ ನನ್ನ ಸಾಸಿವೆ ನಿಜವಾಗಿಯೂ ಸೀದು ಮನೆಯೆಲ್ಲ ಹೊಗೆಯಾದರೂ ಅವರು ಏನೂ ಅನ್ನಲಿಲ್ಲ. ಆವತ್ತು ನಾನು ಅಡುಗೆಮನೆಯಲ್ಲಿ ಕೂತು ಕಣ್ಣೀರು ಹಾಕಿದೆ. ಬೈಸಿಕೊಳ್ಳದ ದುಃಖ ಎಂಥದ್ದೆಂದು ಬೈಸಿಕೊಂಡವರಿಗೇ ಗೊತ್ತು.

ಕಂಪ್ಯೂಟರಿನ ಹತ್ತಿರ ಅವರು ಬಂದದ್ದು ತಪ್ಪು ತೋರಿಸಲೆಂದು. ಆಫೀಸಿನ ಲೆಕ್ಕದ ಹಾಳೆಯೊಂದನ್ನು ತೆರೆದು ನಾನು ಏನೋ ಮಾಡುತ್ತಿದ್ದೆ. ಪರದೆಯ ತುಂಬ ಚೌಕಗಳು. ಅತ್ತೆ ಹಿಂದೆ ನಿಂತು ನೋಡಿ, "ಇದು ನಕ್ಷಿ ಹಾಳಿ ಅಲ್ಲೇನು? ಮನಿ ಯಾಕ ಹಿಂಗ ಉದ್ದ ಅದಾವು, ಚೌಕ ಇರಬೇಕು," ಎಂದರು. ಅಂಚಿನ ನಕ್ಷೆಯನ್ನು ಚೌಕಳಿ ಹಾಳೆಯ ಮೇಲೆ ತೆಗೆಯುವುದು ಅವರಿಗೆ ಗೊತ್ತಿದ್ದ ಕೆಲಸ. ಒಂದು ಮನೆಗೆ, ಎಂದರೆ ಒಂದು ಚೌಕಕ್ಕೆ, ಒಂದು ಎಳೆ. ಕಣ್ಣು ಮಸುಕಾಗಿ ಸಣ್ಣ ಮನೆಗಳು ಕಾಣದಂತಾಗಿ ಅದನ್ನೂ ಬಿಟ್ಟಿದ್ದರು. ನಾನು ಸಾಲುಗಳನ್ನು ಎಳೆದು ಮನೆಗಳನ್ನು ಚೌಕ ಮಾಡಿದೆ, ಅಂಗೈಯಗಲ ದೊಡ್ಡದು ಮಾಡಿದೆ, ಒಂದು ಮನೆಗೆ ಕೆಂಪು ತುಂಬಿ ತೋರಿಸಿದೆ. ಅತ್ತೆ ಕುರ್ಚಿಯಿಂದ ನನ್ನನ್ನು ಎಬ್ಬಿಸಿದರು.

ಮೊದಮೊದಲು ಮೌಸನ್ನು ಲಾಳಿಯಂತೆ ಹೊಡೆಯುತ್ತಿದ್ದರು. ಅದು ಮೇಜು ದಾಟಿ ನೆಲಕ್ಕೆ ಬೀಳುತ್ತಿತ್ತು. ಬಿದ್ದಾಗಲೆಲ್ಲ ಅದಕ್ಕೊಂದು ಬೈಗುಳ. ಆ ಬೈಗುಳ ಕೇಳಿ ಅಡುಗೆಮನೆಯಲ್ಲಿ ನನಗೆ ಆದ ಆನಂದ ಹೇಳತೀರದು. ಗೋಮಿ ಅಂಚು ತೆಗೆದರು, ಪಾರಸ ತೆಗೆದರು, ಗಾಡಿ ತೆಗೆದರು. ಇವೆಲ್ಲ ಹಿರಿಯರಿಂದ ಬಂದ ನಕ್ಷೆಗಳು. ಆಮೇಲೆ ಒಂದು ದಿನ, ನಾನೆಂದೂ ಸೀರೆಯ ಮೇಲೆ ಕಾಣದ ಒಂದು ಎಲೆ ಪರದೆಯ ಮೇಲೆ ಇತ್ತು. ಸಣ್ಣ ಎಲೆ, ಅಂಚೆಲ್ಲ ಗರಗಸ.

"ಕಡ್ಲಿ ಎಲಿ," ಎಂದರು. "ಸಣ್ಣಾಕಿ ಇದ್ದಾಗ ಕಡ್ಲಿ ಹೊಲದಾಗ ಎಲಿ ಚಿವುಟಾಕ ಹೊಕ್ಕಿದ್ವಿ. ಹುಳಿ ಹತ್ತಿ ಕೈಯೆಲ್ಲಾ ಚುರುಚುರು ಅಂತಿತ್ತು. ಯಾರೂ ಹಾಕಿಲ್ಲ ಇದನ್ನ ಸೀರಿ ಮ್ಯಾಲೆ. ನಾ ಹಾಕತೀನಿ."

ಅಷ್ಟು ವರ್ಷ ಅವರು ನೆಯ್ದದ್ದೆಲ್ಲ ವ್ಯಾಪಾರಿ ಹೇಳಿದ ಅಂಚು, ಹೇಳಿದ ಬಣ್ಣ. ಇದು ಅವರ ಮೊದಲ ಸ್ವಂತ ಅಂಚು. ಮುಗಿಸಿಕೊಟ್ಟರೆ ಮುಂದಿನ ಸೀರೆಗಳಿಗೆ ಅದನ್ನೇ ಹೂಡುತ್ತೇನೆ ಎಂದು ನಮ್ಮ ಮನೆಯವರು ಮಾತು ಕೊಟ್ಟರು. ಎಲೆಗಳ ಬಳ್ಳಿ ಸೆರಗಿನ ಮೂಲೆಯಲ್ಲಿ ಹೇಗೆ ತಿರುಗಬೇಕು ಎಂಬುದೊಂದು ಉಳಿದಿತ್ತು. ಅದಕ್ಕೆ ಅತ್ತೆ ದಿನಾ ಕೂರುತ್ತಿದ್ದರು, ಹಾಕುತ್ತಿದ್ದರು, ಅಳಿಸುತ್ತಿದ್ದರು.

ಅಷ್ಟರಲ್ಲಿ ಕಂಪ್ಯೂಟರಿಗೆ ಮುಪ್ಪು ಬಂತು. ಗುಂಡಿ ಒತ್ತಿದರೆ ಎದ್ದು ಕೂರಲು ಚಹಾ ಮಾಡಿ ಕುಡಿಯುವಷ್ಟು ಹೊತ್ತು. ಅತ್ತೆ ಹಾಗೇ ಮಾಡುತ್ತಿದ್ದರು. ಗುಂಡಿ ಒತ್ತಿ, ಒಲೆಯ ಮೇಲೆ ಚಹಾ ಇಟ್ಟು, ಕುಡಿದು, ಲೋಟ ತೊಳೆದು ಬಂದು ಕೂರುತ್ತಿದ್ದರು. ಆಮೇಲಾಮೇಲೆ ಎರಡು ಸಲ ಚಹಾ ಆಗತೊಡಗಿತು. ಒಳಗಿನ ಹಾರ್ಡ್ ಡಿಸ್ಕಿನದೇ ರೋಗ ಎಂದು ನನಗೆ ಗೊತ್ತಾಯಿತು. ತವರಿಗೆ ಹೋದಾಗ ನರಗುಂದದ ಕಂಪ್ಯೂಟರ್ ಅಂಗಡಿಯಲ್ಲಿ ಎಸ್‌ಎಸ್‌ಡಿ ಎಂಬ ಹೊಸ ಬಗೆಯ ಡಿಸ್ಕು ತೆಗೆದುಕೊಂಡೆ. ಅಂಗಡಿಯವರು ಕಂಪ್ಯೂಟರಿನ ಡಬ್ಬಿ ತಂದುಕೊಡಿ, ನಾವೇ ಕೂಡಿಸಿ, ಸಿಸ್ಟಮ್ ಹಾಕಿ ಕೊಡುತ್ತೇವೆ ಎಂದರು. ಮನೆಗೆ ಬಂದು ಹೇಳಿದರೆ ಅತ್ತೆ ಕೆರಳಿದರು.

"ಮಗ್ಗಾನ ಯಾರರ ರಿಪೇರಿಗೆ ಹೊತ್ಕೊಂಡು ಹೊಕ್ಕಾರೇನು? ಮಗ್ಗ ಇದ್ದಲ್ಲೆ ಮಂದಿ ಬರತಾರ. ನಿನಗ ಬರೂದಿಲ್ಲೇನು ಅದು?"

ಬರುವುದಿಲ್ಲ ಎನ್ನಲು ನನ್ನ ಸೊಕ್ಕು ಬಿಡಲಿಲ್ಲ. ಬರುತ್ತದೆ ಎಂದೆ. ಆಫೀಸಿನಲ್ಲಿ ಬೇರೆಯವರು ಮಾಡುವುದನ್ನು ಹೆಗಲ ಮೇಲಿಂದ ಬಗ್ಗಿ ನೋಡಿದ್ದೆನಲ್ಲ, ಸಾಕು.

ಹೊಸ ಡಿಸ್ಕನ್ನು ಅತ್ತೆ ಅಂಗೈಯಲ್ಲಿಟ್ಟುಕೊಂಡು ತೂಗಿದರು. ಕಿವಿಯ ಹತ್ತಿರ ಹಿಡಿದು ಅಲುಗಿಸಿದರು. ಹಳೆಯದರೊಳಗೆ ತಟ್ಟೆಯೊಂದು ಗಿರಗಿರ ತಿರುಗುತ್ತದೆ, ಇದರೊಳಗೆ ತಿರುಗುವುದು ಏನೂ ಇಲ್ಲ, ಅದಕ್ಕೇ ಬೇಗ ಎಂದು ನಾನು ವಿವರಿಸಿದೆ.

"ತಿರುಗೂದಿಲ್ಲಂದ್ರ ಕೆಲಸ ಹ್ಯಾಂಗ ಮಾಡತೈತಿ? ರಾಟಿ ಇಲ್ದ ಕಂಡಿಕಿಗೆ ನೂಲು ಸುತ್ತಾಕ ಬರತೈತೇನು?" ಎಂದರು. ಆಮೇಲೆ ಅರಿಷಿಣ ಕುಂಕುಮದ ಬಟ್ಟಲು ತಂದರು. ಡಿಸ್ಕಿಗೆ ಬ್ಯಾಡ್ರಿ ಅತ್ತಿ, ಕೆಟ್ಟುಹೋಗತೈತಿ ಎಂದು ಅಂಗಲಾಚಿದ ಮೇಲೆ ಡಬ್ಬಿಯ ನೆತ್ತಿಗೆ ಹಚ್ಚಿ ಸಮಾಧಾನಪಟ್ಟರು.

ನಾನು ಡಬ್ಬಿಯ ಪಕ್ಕದ ತಗಡು ಬಿಚ್ಚಿ, "ಹಳೇದನ್ನ ತಗದು ಅದರ ಜಾಗಾಕ್ಕ ಇದನ್ನ ಕೂಡಸತೀನ್ರಿ," ಎಂದೆ. ಅತ್ತೆ ನನ್ನ ಕೈ ಹಿಡಿದರು.

"ತಗದು? ಕೆಚ್ಚೂದಿಲ್ಲೇನು?"

ಮಗ್ಗದ ಮನೆಯವರಲ್ಲದವರಿಗೆ ಇದನ್ನು ಬಿಡಿಸಿ ಹೇಳಬೇಕು. ಸೀರೆಯ ಉದ್ದಕ್ಕೆ ಓಡುವ ಎಳೆಗಳಿಗೆ ಹಾಸು ಎನ್ನುತ್ತಾರೆ. ಒಂದು ಹಾಸು ನೆಯ್ದು ಮುಗಿಯುತ್ತ ಬಂದಾಗ ನೇಕಾರರು ಅದನ್ನು ಪೂರ್ತಿ ಕೊಯ್ದು ತೆಗೆಯುವುದಿಲ್ಲ. ಎಳೆಗಳನ್ನು ಸಾಲಾಗಿ ಹಿಡಿದಿಡುವ ಹಣಿಗೆ ಎಂಬುದೊಂದು ಮಗ್ಗದಲ್ಲಿದೆ, ಬಾಚಣಿಗೆಯ ಹಾಗೆ ಹಲ್ಲುಹಲ್ಲಾಗಿ. ಅದರಲ್ಲಿ ಹಳೆಯ ಎಳೆಗಳ ತುದಿಗಳನ್ನು ಹಾಗೇ ಬಿಡುತ್ತಾರೆ. ಹೊಸ ಹಾಸಿನ ಒಂದೊಂದು ಎಳೆಯನ್ನೂ ಹಳೆಯದರ ಒಂದೊಂದು ತುದಿಗೆ, ಬೂದಿ ಹಚ್ಚಿದ ಬೆರಳಿನಿಂದ ಹೊಸೆದು ಕೂಡಿಸುತ್ತಾರೆ. ಅದೇ ಕೆಚ್ಚುವುದು. ಆಮೇಲೆ ಮೆಲ್ಲಗೆ ಜಗ್ಗಿದರೆ ಹಳೆಯ ಎಳೆ ಹೊಸದನ್ನು ತನ್ನ ಹಿಂದೆ ಕರೆದುಕೊಂಡು ಹಣಿಗೆ ದಾಟುತ್ತದೆ. ಮದುವೆಯಾದ ಹೊಸದರಲ್ಲಿ ನಾನು ಇದನ್ನು ನೋಡಿ, ಅಂಗಡಿಯಲ್ಲಿ ಅಷ್ಟೊಂದು ಸೀರೆ ಮಡಚಿದರೂ ಇದೊಂದು ಗೊತ್ತಿರಲಿಲ್ಲವಲ್ಲ ಎಂದು ಬೆರಗಾಗಿದ್ದೆ.

ಹಳೆಯದನ್ನು ಮೊದಲೇ ಕಿತ್ತುಹಾಕುವುದು ಅತ್ತೆಯ ಲೆಕ್ಕದಲ್ಲಿ ಬುದ್ಧಿಗೇಡಿಗಳ ಕೆಲಸ. ಡಬ್ಬಿಯಲ್ಲಿ ಜಾಗವೂ ಇತ್ತು, ಇನ್ನೊಂದು ಡಿಸ್ಕಿಗೆ ಬೇಕಾದ ವೈರೂ ಇತ್ತು. ಎರಡನ್ನೂ ಹಚ್ಚಿಟ್ಟರೆ ಹಳೆಯದರಲ್ಲಿದ್ದುದನ್ನು ಹೊಸದಕ್ಕೆ ನಕಲು ಮಾಡುವುದೂ ಸುಲಭ. ಹೊಸ ಸಿಸ್ಟಮ್ ಹಾಕುವಾಗ ಹಳೆಯ ಡಿಸ್ಕನ್ನು ಬಿಚ್ಚಿಡಿ ಎಂದು ಮೊಬೈಲಿನಲ್ಲಿ ಎಲ್ಲೋ ಓದಿದ್ದೆ. ಓದಿ, ಇದು ಮಗ್ಗ ಕಾಣದವರು ಬರೆದ ಮಾತು ಎಂದು ಬಿಟ್ಟೆ. ಖರೇ ಹೇಳಬೇಕೆಂದರೆ ಅತ್ತೆಯ ಮಾತೇ ನನಗೆ ಸರಿ ಕಂಡಿತು. ಅಷ್ಟು ವರ್ಷ ದುಡಿದದ್ದನ್ನು ಒಮ್ಮೆಲೇ ಹೊರಗೆ ಹಾಕುವುದು ನನಗೂ ಹಿಡಿಸಿರಲಿಲ್ಲ.

"ಹಂಗಾದ್ರ ಕೆಚ್ಚೇ ಬಿಡೂಣ್ರಿ," ಎಂದೆ.

ಹಳೆಯದರ ಪಕ್ಕದಲ್ಲೇ ಹೊಸದನ್ನು ಕೂಡಿಸಿದೆ. ಪೆನ್‌ಡ್ರೈವಿನಿಂದ ಸಿಸ್ಟಮ್ ಹಾಕಿದೆ. ಎಲ್ಲ ಸುಸೂತ್ರ ಮುಗಿಯಿತು. ಅತ್ತೆ ಇಂಗ್ಲಿಷ್ ಓದುವವರಲ್ಲ. ಪರದೆಯ ಮೇಲೆ ಯಾವುದು ಎಲ್ಲಿದೆ ಎಂಬ ಜಾಗದ ಗುರುತಿನಿಂದಲೇ ನಡೆಯುವವರು. ಅದಕ್ಕೆ ಹಳೆಯದರಲ್ಲಿ ಏನೇನು ಎಲ್ಲೆಲ್ಲಿತ್ತೋ ಅಲ್ಲಲ್ಲಿಯೇ ಇಟ್ಟೆ. ಅತ್ತೆ ಗುಂಡಿ ಒತ್ತಿ ಚಹಾ ಇಡಲು ಹೋದರು. ಲೋಟ ಹಿಡಿದು ಬರುವಷ್ಟರಲ್ಲಿ ಕಂಪ್ಯೂಟರು ಎದ್ದು, ಕಾದು, ಬೇಜಾರಾಗಿ ಮತ್ತೆ ಪರದೆ ಆರಿಸಿಕೊಂಡು ಮಲಗಿತ್ತು.

"ಕೆಟ್ಟತೇನ?" ಎಂದು ಗಾಬರಿಯಾದರು. ಇಲ್ಲ, ಅದು ನಿಮಗಿಂತ ಮೊದಲೇ ತಯಾರಾಗಿತ್ತು ಎಂದೆ. "ಇಷ್ಟು ಲಗೂ ಏಳತೈತೇನು? ಮಾರಿನೂ ತೊಳಕೊಳ್ಳೂದಿಲ್ಲಲ್ಲ!" ಎಂದರು. ಅಂದಿನಿಂದ ಚಹಾ ಮೊದಲು, ಗುಂಡಿ ಆಮೇಲೆ.

ಕೆಲವು ವಾರ ಹೀಗೇ ಚೆನ್ನಾಗಿ ನಡೆಯಿತು. ಹೊಸದೇ ಎಲ್ಲ ಕೆಲಸ ಮಾಡುತ್ತಿತ್ತು. ಹಳೆಯ ಡಿಸ್ಕು ಮಾತ್ರ ಪಕ್ಕದಲ್ಲಿ ಸುಮ್ಮನೆ ಕೂತಿರಲಾರದೆ ಕಟಕಟ ಸದ್ದು ಮಾಡತೊಡಗಿತು. ಮಗ್ಗದ ಸದ್ದಿನಲ್ಲಿ ಹುಟ್ಟಿ ಬೆಳೆದ ನಮ್ಮ ಮನೆಯವರಿಗೂ ಆ ಸದ್ದು ತಲೆನೋವಾಯಿತು. ಕೊನೆಗೆ ಅತ್ತೆಯೇ ಹೇಳಿದರು.

"ಗಂಟು ಹಣಿಗಿ ದಾಟೈತಿ. ಇನ್ನ ಹಳೇ ತುದಿ ಕೊಯ್ದ ತಗಿ."

ಮಗ್ಗದಲ್ಲೂ ಹಾಗೇ ಮಾಡುವುದು. ಕೆಚ್ಚಿದ ಗಂಟು ದಾಟಿ ಹೊಸ ಹಾಸು ಓಡತೊಡಗಿದ ಮೇಲೆ ಹಳೆಯ ತುಂಡಿನ ಕೆಲಸ ಮುಗಿಯಿತು. ನಾನೂ ಸಂತೋಷದಿಂದ ಹಳೆಯ ಡಿಸ್ಕಿನ ವೈರು ಕಿತ್ತು, ಸ್ಕ್ರೂ ಬಿಚ್ಚಿ, ಅದನ್ನು ಹೊರತೆಗೆದೆ. ಗುಂಡಿ ಒತ್ತಿದೆ. ಕಪ್ಪು ಪರದೆಯ ಮೇಲೆ ಇಂಗ್ಲಿಷಿನ ಒಂದೇ ಸಾಲು ಬಂದು ನಿಂತಿತು. ಏಳಲು ಬೇಕಾದ ಡಿಸ್ಕೇ ಇಲ್ಲ ಎಂಬುದು ಅದರ ಅರ್ಥ. ಹೊಸ ಡಿಸ್ಕು ಅಲ್ಲೇ ಕಣ್ಣೆದುರಿಗೆ ಕೂತಿದೆ!

ನಾನು ವೈರಿಗೆ ಬೈದೆ, ಸ್ಕ್ರೂಗೆ ಬೈದೆ, ಅಂಗಡಿಯವರಿಗೆ ಬೈದೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಹಳೆಯದನ್ನೇ ಮತ್ತೆ ಹಚ್ಚಿ ನೋಡಿದೆ. ಅದು ಕಟಕಟ ಅನ್ನುವುದನ್ನೂ ಬಿಟ್ಟಿತ್ತು. ನನ್ನ ಕೈಯಲ್ಲೇ ಅದರ ಆಯುಷ್ಯ ಮುಗಿದಿತ್ತು.

ಏನಾಯಿತೆಂದು ಮೊಬೈಲಿನಲ್ಲಿ ಹುಡುಕಿ ತಿಳಿದುಕೊಂಡೆ. ಕಂಪ್ಯೂಟರು ಎದ್ದೊಡನೆ ಎತ್ತ ಹೋಗಬೇಕೆಂದು ಅದಕ್ಕೆ ತಾನಾಗಿ ತಿಳಿಯದು. ದಾರಿ ತೋರಿಸುವ ಒಂದು ಸಣ್ಣ ಭಾಗ ಡಿಸ್ಕಿನ ಮೇಲೆ ಇರಬೇಕು. ನಾನು ಎರಡನ್ನೂ ಹಚ್ಚಿಟ್ಟು ಸಿಸ್ಟಮ್ ಹಾಕಿದ್ದರಿಂದ, ಆ ಭಾಗ ಹಳೆಯದರಲ್ಲಿ ಇದೆಯಲ್ಲ ಎಂದು ಹೊಸ ಸಿಸ್ಟಮ್ ತನ್ನ ದಾರಿಯನ್ನೂ ಅಲ್ಲೇ ಬರೆದಿಟ್ಟಿತ್ತು. ಅಷ್ಟು ದಿನ ಯಂತ್ರ ಎದ್ದದ್ದೆಲ್ಲ ಹಳೆಯದರ ಬಾಗಿಲಿನಿಂದ. ಬಾಗಿಲನ್ನೇ ನಾವು ಕಿತ್ತು ಹೊರಗಿಟ್ಟಿದ್ದೆವು. ಹೊಸ ಡಿಸ್ಕನ್ನು ಕೆಚ್ಚಲು ಹೋಗಿ ಹಾಳು ಮಾಡಿದವರು ಲೋಕದಲ್ಲಿ ನಾವಿಬ್ಬರೇ ಇರಬೇಕು.

"ನನ್ನ ಎಲಿ?" ಎಂದರು ಅತ್ತೆ.

ಎಲೆ ಕ್ಷೇಮವಾಗಿತ್ತು. ಆಫೀಸಿನ ಅಭ್ಯಾಸ, ಅವರ ನಕ್ಷೆಗಳನ್ನು ನಾನು ಆಗಾಗ ಪೆನ್‌ಡ್ರೈವಿಗೆ ಹಾಕಿ ಇಡುತ್ತಿದ್ದೆ. ಹಿಂದಿನ ದಿನದ್ದೂ ಇತ್ತು. ಪೆನ್‌ಡ್ರೈವ್ ತಂದು ಅವರ ಕೈಯಲ್ಲಿಟ್ಟೆ. ಅವರು ಅದನ್ನು ತಿರುಗಿಸಿ ಮುರುಗಿಸಿ ನೋಡಿದರು.

"ಎಲಿ ಇದರಾಗ ಐತಿ. ಖರೇ. ಆದ್ರ ನಾ ಎಲ್ಲಿ ಕುಂದರ್ಲಿ?"

ಸಿಟ್ಟಿನಿಂದ ಕೇಳಿದ್ದರೆ ನಾನೂ ಏನಾದರೂ ಹೇಳುತ್ತಿದ್ದೆ. ಅವರು ಮೆತ್ತಗೆ ಕೇಳಿದರು. ಪೆನ್‌ಡ್ರೈವನ್ನು ನನ್ನ ಕೈಗೆ ವಾಪಸು ಕೊಟ್ಟು ಎದ್ದು ಹೊರಗೆ ಹೋದರು. ಸ್ವಲ್ಪ ಹೊತ್ತಿಗೆ ನಾನು ಇಣುಕಿ ನೋಡಿದರೆ ಕಟ್ಟೆಯ ಮೇಲೆ ಕೂತಿದ್ದಾರೆ, ತೊಡೆಯ ಮೇಲೆ ಹತ್ತಿ.

ಇನ್ನೊಮ್ಮೆ ಸಿಸ್ಟಮ್ ಹಾಕುವುದು ದೊಡ್ಡ ಮಾತಲ್ಲ. ಹಾಕಿದ ಮೇಲೆ ಅತ್ತೆ ಮತ್ತೆ ಬಂದು ಕೂರುತ್ತಾರೆಯೇ ಎಂಬುದೇ ನನಗಿದ್ದ ಭಯ. ಎರಡು ಸಲ ಸೀಟು ಬಿಡಿಸಿಕೊಂಡವರು ಅವರು, ಮೊದಲು ಮಗ್ಗ, ಈಗ ಇದು. ಮೂರನೆಯ ಸಲ ಕೂರಲು ಮನಸ್ಸು ಬಾರದಿದ್ದರೆ ಎಳೆದು ಕೂರಿಸಲು ನಾನು ಯಾರು?

ನಮ್ಮ ಮನೆಯವರು ಮಗ್ಗದಿಂದಲೇ ಕೂಗಿ, "ನರಗುಂದಕ್ಕ ಒಯ್ದು ಅಂಗಡಿಯವರಿಗೆ ಕೊಟ್ಟುಬಿಡೂಣ ತಗೋ," ಎಂದರು. ನಾನು, "ನೀವು ಸುಮ್ನ ಲಾಳಿ ಹೊಡೀರಿ," ಎಂದೆ. ಅವರು ಸುಮ್ಮನೆ ಲಾಳಿ ಹೊಡೆದರು. ಸಂಸಾರ ಇಷ್ಟು ವರ್ಷ ನಡೆದದ್ದು ಇಂಥ ತಿಳಿವಳಿಕೆಯಿಂದಲೇ.

ಮರುದಿನ ಭಾನುವಾರ. ಬೆಳಿಗ್ಗೆ ಮಗ್ಗದ ಕೋಣೆಯಲ್ಲಿ ನೆಲದ ಮೇಲೆ ಕೂತು ಮತ್ತೆ ಡಬ್ಬಿ ಬಿಚ್ಚಿದೆ. ಸತ್ತ ಡಿಸ್ಕನ್ನು ಪಕ್ಕಕ್ಕಿಟ್ಟೆ. ಈ ಸಲ ಒಳಗೆ ಹೊಸದೊಂದೇ. ಅದರಲ್ಲಿದ್ದುದನ್ನೆಲ್ಲ ಅಳಿಸಿ ಮೊದಲಿನಿಂದ ಹಾಕಬೇಕು. ಅತ್ತೆ ಬಾಗಿಲಲ್ಲಿ ಬಂದು ನಿಂತದ್ದು ನನಗೆ ಗೊತ್ತಾಗಲಿಲ್ಲ.

"ಹಳೇದು ಒಳಗ ಇಲ್ಲೇನು?" ಎಂದರು.

"ಇಲ್ರಿ ಅತ್ತಿ. ಈ ಸಲ ಕೆಚ್ಚಾಕ ಏನೂ ಇಲ್ಲ."

"ಅಂದ್ರ ಬರೇ ಹಣಿಗಿ."

"ಹೌದ್ರಿ. ಬರೇ ಹಣಿಗಿ."

ಅವರು ಮೂಲೆಯಲ್ಲಿದ್ದ ಕುರ್ಚಿಯನ್ನು ಕರಕರ ಎಳೆದುಕೊಂಡು ಬಂದು ನನ್ನ ಪಕ್ಕ ಕೂತರು.

"ಬರೇ ಹಣಿಗಿ ತುಂಬೂದು ಒಬ್ಬಾಕಿ ಕೈಲೆ ಆಗೂದಿಲ್ಲ. ಆ ಕಡೆ ಒಬ್ಬಾಕಿ ಕುಂತು ಎಳಿ ಕೊಡಬೇಕು, ಈ ಕಡಿಯಾಕಿ ತಗೋಬೇಕು. ಈ ಮನ್ಯಾಗ ಹೊಸಾ ಮಗ್ಗ ಹೂಡಿದಾಗ ನಮ್ಮತ್ತಿ ಆ ಕಡೆ ಕುಂತಿದ್ಲು, ನಾ ಈ ಕಡೆ. ಒಂದೊಂದ ಎಳಿ. ನನಗ ನಿದ್ದಿ ಬಂದ್ರ ಹಣಿಗಿ ಸಂದ್ಯಾಗಿಂದ ಕಡ್ಡಿ ಚುಚ್ಚತಿದ್ಲು."

"ನೀವು ನನಗ ಚುಚ್ಚಬ್ಯಾಡ್ರಿ ಮತ್ತ," ಎಂದೆ.

"ನಿದ್ದಿ ಮಾಡಿದ್ರ ಬಿಡೂದಿಲ್ಲ."

ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ ಎನ್ನುತ್ತಾರೆ. ಆವತ್ತು ಎರಡೂ ಕಾಲ ಒಂದೇ ಕೋಣೆಯಲ್ಲಿ ಕೂತಿದ್ದವು. ಸಿಸ್ಟಮ್ ಇದ್ದ ಇನ್ನೊಂದು ಪೆನ್‌ಡ್ರೈವ್ ಹಚ್ಚಿ ಗುಂಡಿ ಒತ್ತಿದೆ. ಮೊದಲ ಪ್ರಶ್ನೆ, ಯಾವ ಭಾಷೆ. ನನ್ನ ಕೈ ಅಭ್ಯಾಸದಂತೆ ಇಂಗ್ಲಿಷಿನ ಕಡೆ ಹೋಯಿತು.

"ಏನ್ ಕೇಳಾಕತ್ತೈತಿ?" ಎಂದರು ಅತ್ತೆ.

"ಯಾವ ಭಾಷಾದಾಗ ಮಾತಾಡ್ಲಿ ಅಂತೈತ್ರಿ."

"ಕನ್ನಡ ಬರತೈತೇನು ಅದಕ್ಕ?"

ಇಷ್ಟು ವರ್ಷ ಕಂಪ್ಯೂಟರಿನಿಂದ ಅನ್ನ ತಿಂದ ನಾನು ಅದನ್ನು ಒಮ್ಮೆಯೂ ನೋಡಿರಲಿಲ್ಲ. ಪಟ್ಟಿಯನ್ನು ಕೆಳಗೆ ಸರಿಸುತ್ತ ಹೋದೆ. ಎಲ್ಲೆಲ್ಲಿಯವೋ ಲಿಪಿಗಳು ಹಾದುಹೋದವು. ಅತ್ತೆಯ ಬೆರಳು ಪರದೆಗೆ ಬಡಿಯಿತು. "ನಿಂದ್ರಸು. ಇಲ್ಲೈತಿ ನೋಡು." ಒತ್ತಿದೆ. ಪರದೆಯೆಲ್ಲ ಕನ್ನಡವಾಯಿತು.

ಅತ್ತೆ ಸಾಲಿಯಲ್ಲಿ ಕಲಿತದ್ದು ಸ್ವಲ್ಪವೇ ಆದರೂ ಕನ್ನಡ ಓದುವುದನ್ನು ಬಿಟ್ಟವರಲ್ಲ. ಈಗ ಒಂದು ಸಾಲನ್ನೂ ಬಿಡದೆ ಗಟ್ಟಿಯಾಗಿ ಓದತೊಡಗಿದರು. ಮುಂದೆ ಎಂಬ ಗುಂಡಿ ಬಂದರೆ "ಮುಂದೆ" ಎಂದು ಕೂಗುವರು, ನಾನು ಒತ್ತುವೆ. ಇದರಲ್ಲಿರುವುದೆಲ್ಲ ಅಳಿಸಿಹೋಗುತ್ತದೆ ಎಂಬ ಎಚ್ಚರಿಕೆ ಬಂದಾಗ ಇಬ್ಬರೂ ಮುಖ ಮುಖ ನೋಡಿಕೊಂಡೆವು. "ಅಳಸು," ಎಂದರು. ಅಳಿಸಿದೆ. ಕಡತಗಳು ಒಂದೊಂದಾಗಿ ಏರತೊಡಗಿದವು. ದಯವಿಟ್ಟು ನಿರೀಕ್ಷಿಸಿ ಎಂಬ ಸಾಲು ಬಂತು. ಅತ್ತೆ ಅದನ್ನು ಎರಡು ಸಲ ಓದಿದರು.

"ದಯವಿಟ್ಟು ಅಂತೈತಿ ನೋಡು. ಈ ಮನ್ಯಾಗ ಯಾರೂ ನನಗ ಇಷ್ಟು ಮರ್ಯಾದಿಲೆ ಹೇಳಿಲ್ಲ," ಎಂದು ಮಗ್ಗದ ಕಡೆ ಕೇಳಿಸುವಂತೆ ಹೇಳಿದರು. ಮಗ್ಗದ ಕಡೆಯಿಂದ ಲಾಳಿಯ ಸದ್ದು ಇನ್ನಷ್ಟು ಜೋರಾಯಿತು.

ಯಂತ್ರ ಒಮ್ಮೆ ಆರಿ ತಾನಾಗಿಯೇ ಎದ್ದಿತು. ಈ ಸಲ ತನ್ನದೇ ಬಾಗಿಲಿನಿಂದ. ಇನ್ನೊಂದೆರಡು ಪ್ರಶ್ನೆ ಉಳಿದಿದ್ದವು. ಅತ್ತೆ ಓದಿದರು: "ಈ ಕಂಪ್ಯೂಟರನ್ನು ಯಾರು ಬಳಸುತ್ತಾರೆ? ಹೆಸರು ಬರೆಯಿರಿ."

ಮೊದಲ ಸಲ ಈ ಪ್ರಶ್ನೆ ಬಂದಾಗ ನಾನು ಯೋಚಿಸದೆ ನಮ್ಮ ಮನೆಯವರ ಹೆಸರು ಬರೆದು ಮುಂದೆ ಹೋಗಿದ್ದೆ. ಲೈಟ್ ಬಿಲ್ಲು, ಗ್ಯಾಸು, ಮನೆ ಎಲ್ಲದಕ್ಕೂ ಅವರದೇ ಹೆಸರಲ್ಲವೇ. ಈಗ ಅದು ತಪ್ಪೆನಿಸಿತು. ಇದರ ಮುಂದೆ ಕೂರುವವರು ಇವರು.

"ನಿಮ್ಮ ಹೆಸರು ಹಾಕತೀನ್ರಿ," ಎಂದೆ. ಕೀಲಿಮಣೆಯನ್ನು ಕನ್ನಡಕ್ಕೆ ತಿರುಗಿಸಿ ನಾವೆಲ್ಲ ಬಲ್ಲ ಅವರ ಹೆಸರಿನ ಮೊದಲ ಅಕ್ಷರ ಒತ್ತಿದೆ. ಅತ್ತೆ ನನ್ನ ಕೈ ಮೇಲೆ ಕೈಯಿಟ್ಟರು.

"ಅದಲ್ಲ."

ನಾನು ತಿರುಗಿ ನೋಡಿದೆ.

"ಅದು ಈ ಮನಿಯಾವ್ರು ಇಟ್ಟಿದ್ದು. ಅಕ್ಕಿ ಮ್ಯಾಲೆ ಬರದಿದ್ರು. ನನ್ನ ನೆಗೆಣ್ಣಿದೂ ನಂದೂ ಒಂದ ಹೆಸರಿತ್ತು, ಒಂದ ಮನ್ಯಾಗ ಎರಡು ಬ್ಯಾಡಂತ ನಂದು ತಗದ್ರು." ನೆಗೆಣ್ಣಿ ಎಂದರೆ ವಾರಗಿತ್ತಿ, ಅವರ ಭಾವನ ಹೆಂಡತಿ, ಮನೆಗೆ ಮೊದಲು ಬಂದ ಹಿರಿಯ ಸೊಸೆ. ಅವರು ತೀರಿಹೋಗಿ ಎಷ್ಟೋ ವರ್ಷವಾಗಿದೆ.

ಮದುವೆಯ ದಿನ ತಟ್ಟೆಯಲ್ಲಿ ಅಕ್ಕಿ ಹರಡಿ, ಉಂಗುರದಿಂದ ಸೊಸೆಯ ಹೊಸ ಹೆಸರು ಬರೆಯುವ ಪದ್ಧತಿ ನನಗೆ ಗೊತ್ತಿತ್ತು. ಅತ್ತೆಯ ಹೆಸರೂ ಹಾಗೆ ಬಂದದ್ದೆಂದು ಗೊತ್ತಿರಲಿಲ್ಲ. ಯಾರೂ ಹೇಳಿರಲಿಲ್ಲ, ನಾನೂ ಕೇಳಿರಲಿಲ್ಲ.

"ಹಂಗಾದ್ರ ಏನ್ ಬರೀಲ್ರಿ?"

ಅವರು ಹೇಳಿದರು. ಹೇಳುವಾಗ ಸ್ವಲ್ಪ ನಾಚಿದರು. ಆ ಹೆಸರನ್ನು ನಾನು ಇಲ್ಲಿ ಬರೆಯುವುದಿಲ್ಲ, ಅದು ಅವರದು. ಪುಟ್ಟ ಹೆಸರು, ಹೊಲದ ದಂಡೆಯಿಂದ ಕೂಗಿ ಕರೆಯಲು ಸರಿಯಾದದ್ದು.

"ತವರಾಗ ಹಂಗ ಕರಿಯಾವ್ರು ಈಗ ಯಾರೂ ಉಳದಿಲ್ಲ," ಎಂದರು.

ಒಂದೊಂದೇ ಅಕ್ಷರ ಒತ್ತಿದೆ. ದೀರ್ಘ ಸರಿಯಾಗಿದೆಯೇ ಎಂದು ಅವರು ಕನ್ನಡಕ ಏರಿಸಿ ನೋಡಿದರು. ಮುಂದೆ ಒತ್ತಿದೆ. ಪರದೆ ಒಮ್ಮೆ ಕಪ್ಪಾಗಿ, ಬೆಳಗಿ, ಸ್ವಾಗತ ಎಂದಿತು. ಅದರ ಕೆಳಗೆ ದೊಡ್ಡ ಅಕ್ಷರದಲ್ಲಿ ಆ ಹೆಸರು. ಅತ್ತೆ ಅದನ್ನು ನೋಡುತ್ತ ಕೂತರು. ನಾನು ಅವರನ್ನು ನೋಡುತ್ತ ಕೂತೆ. ಅವರನ್ನು ಅಪ್ಪಿಕೊಳ್ಳಬೇಕೆನಿಸಿತು. ನಮ್ಮ ಕಡೆ ಸೊಸೆಯರು ಅತ್ತೆಯನ್ನು ಅಪ್ಪಿಕೊಳ್ಳುವುದಿಲ್ಲ. ಅವರ ಸೆರಗಿಗೆ ಹತ್ತಿದ್ದ ಹತ್ತಿಯ ತುಣುಕುಗಳನ್ನು ಆರಿಸಿ ತೆಗೆದೆ.

"ಚೌಕಳಿ ಹಾಳಿ ತಗಿ," ಎಂದರು. "ಆ ಮೂಲ್ಯಾಗ ಬಳ್ಳಿ ಹ್ಯಾಂಗ ತಿರುಗಬೇಕಂತ ನಿನ್ನೆ ಕಟ್ಟಿ ಮ್ಯಾಲೆ ಕುಂತಾಗ ಹೊಳೀತು."

ನಾನು ಎದ್ದು ಅವರಿಗೆ ಜಾಗ ಬಿಟ್ಟೆ. ಪೆನ್‌ಡ್ರೈವಿನಿಂದ ನಕ್ಷೆ ತೆಗೆಯಲು ಬಗ್ಗಿದ್ದೆ. ನಮ್ಮ ಮನೆಯವರ ಲಾಳಿ ನಿಂತಿತ್ತು. ಸಮಾಚಾರ ಏನೆಂದು ನೋಡಲು ಕುಣಿಯಿಂದ ಎದ್ದು, ಕೈಯಲ್ಲಿದ್ದ ನೂಲು ಕೊಡವುತ್ತ ನಮ್ಮ ಹಿಂದೆ ಬಂದು ನಿಂತರು. ಪರದೆಯ ಮೇಲೆ ಇನ್ನೂ ಹೆಸರು ಇತ್ತು. ಯಾರದಿದು ಎಂದು ಅರ್ಥವಾಗದೆ, ಸಣ್ಣವರು ಪಾಠ ಓದಿದಂತೆ ಅದನ್ನು ಬಿಡಿಸಿ ಗಟ್ಟಿಯಾಗಿ ಓದಿದರು.

ಅತ್ತೆ ಕತ್ತು ತಿರುಗಿಸಲಿಲ್ಲ. "ಓ," ಎಂದು ಓಗೊಟ್ಟರು.